ಶಾಬರೀ ವಿದ್ಯೆ: ಒಂದು ಕಾವ್ಯದ ಮಂತ್ರಲೋಕ

ಶ್ರಾವಣಮಾಸ ಬಂದಿತೆಂದರೆ ಠಾಕುರ್ಲಿಯ ಚಾಳುಗಳಲ್ಲಿ ಕೆಲವು ಮರಾಠಿ ಮನೆಗಳಿಂದ ‘ನವನಾಥ ಭಕ್ತಿಸಾರ’ದ ಪಾರಾಯಣ ಕೇಳಿಬರುತ್ತದೆ. ಗೋಡೆಗೆ ಗೋಡೆ ಕೂಡಿಕೊಂಡಿರುವ ನಾವು ಕನ್ನಡಿಗರು ಆ ಓವಿಗಳ ಲಯಕ್ಕೆ ಕಿವಿಗೊಡುವೆವಾದರೂ, ಅದರ ವಸ್ತುವನ್ನು ಮಾಟಮಂತ್ರಗಳ ಕಂತೆಯೆಂದು ಬದಿಗಿರಿಸುವುದೇ ಹೆಚ್ಚು. ಈ ಲೇಖಕನೂ ಬಹುಕಾಲ ಹಾಗೆಯೇ ಎಣಿಸಿದ್ದನು. ಗ್ರಂಥವನ್ನು ಓದಿದ ಮೇಲೆ ಆ ಎಣಿಕೆ ನಿಲ್ಲಲಿಲ್ಲ. ಪಾರಾಯಣ ಮಾಡುವವರ ಶ್ರದ್ಧೆಯನ್ನು ಇಲ್ಲಿ ಪರೀಕ್ಷೆಗೆ ಒಡ್ಡುತ್ತಿಲ್ಲ. ಕಾವ್ಯದೊಳಗಿನ ಮಂತ್ರವಿದ್ಯೆಗೆ ಒಂದು ಕಟ್ಟುಪಾಡು ಉಂಟೇ ಎಂಬುದಷ್ಟೇ ಪ್ರಸ್ತುತ ಪ್ರಶ್ನೆ.

ಧುಂಡಿಸುತ ಮಾಲು ಎಂಬ ಕವಿಯು ಶಕ 1741ರಲ್ಲಿ, ಎಂದರೆ ಕ್ರಿ.ಶ. 1819ರಲ್ಲಿ, ಪೇಶವೆಗಳ ಆಳ್ವಿಕೆ ಮುಗಿದ ಮರುವರ್ಷವೇ, 40 ಅಧ್ಯಾಯಗಳ ಈ ಕಥನವನ್ನು ಪೂರೈಸಿದನು. ಇದರಲ್ಲಿ ಪರಸ್ಪರ ಸಂಬಂಧವಿಲ್ಲದ ಹಲವು ವಿದ್ಯೆಗಳು ಕೂಡಿವೆ. ಪುರಾಣಗಳಿಂದ ಬಂದ ಅಗ್ನ್ಯಾದಿ ಅಸ್ತ್ರಗಳಿವೆ. ಭೈರವ, ಚಾಮುಂಡೆ, ಬಾವನ್ನ ವೀರರೆಂಬ ಜನಪದ ದೈವಗಳಿವೆ. ದತ್ತಾತ್ರೇಯನ ದೀಕ್ಷೆ ಮತ್ತು ನಾಥರ ಯೋಗವಿದೆ. ಕಲ್ಲನ್ನು ಚಿನ್ನವಾಗಿಸುವ ಸಿದ್ಧಿಯೂ ಇದೆ. ಭಾರತದ ವೀರರು ಬಿಲ್ಲಿನಿಂದ ಬಿಡುತ್ತಿದ್ದ ಅಸ್ತ್ರವನ್ನು ನಾಥನು ಜೋಳಿಗೆಯಿಂದ ಒಂದು ಚಿಟಿಕೆ ಭಸ್ಮ ತೆಗೆದು, ಅಭಿಮಂತ್ರಿಸಿ, ಎಸೆದು ಪ್ರಯೋಗಿಸುತ್ತಾನೆ. ರಾಜಯೋಗ್ಯವಾದ ಆಯುಧವು ಭಿಕ್ಷುಕನ ಕೈಗೆ ಬರುವ ಬಗೆ ಇದು.

ಸಾಧನವೊಂದೇ ಆದಮಾತ್ರಕ್ಕೆ ವಿದ್ಯೆಗಳು ಬೆಸೆದುಕೊಳ್ಳಲಾರವು. ಅವುಗಳನ್ನು ಬೆಸೆಯುವುದು ‘ವಚನ’. (ಶರಣರ ವಚನವೆಂದು ವಾಚಕರು ಭ್ರಮಿಸಬಾರದು, ಇಲ್ಲಿ ಅದು ಕೊಟ್ಟ ಮಾತು, ನಮ್ಮ ಹಳ್ಳಿಗರು ‘ಆಣೆ’ ಎನ್ನುವಂಥದು.) ಸಪ್ತಶೃಂಗಿಯಲ್ಲಿ ಮಚ್ಛಿಂದ್ರನಾಥನು ಅಂಬೆಯನ್ನು ಆರಾಧಿಸಿ, ಶಾಬರೀ ವಿದ್ಯೆಯನ್ನು ಕವಿತೆಯಾಗಿ ರಚಿಸುವ ಸಾಮರ್ಥ್ಯವನ್ನು ಬೇಡುತ್ತಾನೆ. ಅವಳು ದೇವತೆಗಳು ನೆಲೆಸಿರುವ ನಾಗಾಶ್ವತ್ಥವೃಕ್ಷವನ್ನು ತೋರಿಸುತ್ತಾಳೆ. ಅವರೆಲ್ಲರೂ ಮಂತ್ರಕ್ಕೆ ಓಗೊಡುವೆವೆಂದು ಒಪ್ಪಿದರೆ ಮಾತ್ರ ಅವನ ಕವಿತೆಗೆ ಬಲ. ಒಪ್ಪದವರೊಡನೆ ಕಾದಾಡಿಯೇ ಒಪ್ಪಿಗೆ ಪಡೆಯಬೇಕು. ಶಾಬರ ಮಂತ್ರಗಳು ಸಂಸ್ಕೃತದಲ್ಲಿರದೆ ಆಡುಮಾತಿನಲ್ಲಿರುವುದಕ್ಕೂ, ಗುರುವಿನ ಆಣೆಯಿಟ್ಟು ದೈವವನ್ನು ಕಟ್ಟಿಹಾಕುವುದಕ್ಕೂ ಇದರಲ್ಲಿ ಉತ್ತರವಿದೆ: ಒಪ್ಪಂದವು ಇಬ್ಬರಿಗೂ ತಿಳಿಯುವ ಭಾಷೆಯಲ್ಲಿ ಇರಬೇಕಷ್ಟೆ.

ಈ ವ್ಯವಸ್ಥೆಯ ಹಿರಿಮೆಯಿರುವುದು ಆ ಮಾತು ಎರಡು ಕಡೆಗೂ ತಗಲುವುದರಲ್ಲಿ. ರಾಮೇಶ್ವರದ ಬಳಿ ಮಾರುತಿಯು ಬೆಟ್ಟಗಳನ್ನು ಕಿತ್ತು ಎಸೆಯುತ್ತಾನೆ. ಮಚ್ಛಿಂದ್ರನು ಭಸ್ಮದಿಂದ ಅವನ್ನು ತಡೆದು, ಅವನನ್ನೇ ಅಲುಗದಂತೆ ನಿಲ್ಲಿಸುತ್ತಾನೆ. ವಾಯುದೇವನು ಮಗನಿಗಾಗಿ ಮಧ್ಯೆ ಬಂದು ಸಖ್ಯ ಮಾಡಿಸುತ್ತಾನೆ. ಗೆದ್ದವನು ನಿಶ್ಚಿಂತನಾದನೆಂದು ಓದುಗನು ಎಣಿಸುವ ಹೊತ್ತಿಗೆ, ಅದೇ ಸಖ್ಯದ ಹೆಸರಿನಲ್ಲಿ ಮಾರುತಿಯು ಅವನನ್ನು ಸ್ತ್ರೀರಾಜ್ಯಕ್ಕೆ ಹೋಗುವಂತೆ ಒಪ್ಪಿಸುತ್ತಾನೆ. ಬೆಟ್ಟಗಳನ್ನು ತಡೆದವನು ಅಲ್ಲಿ ಸಂಸಾರಿಯಾಗಿ ಯೋಗವನ್ನೇ ಮರೆಯುತ್ತಾನೆ. ಶಿಷ್ಯ ಗೋರಖನು ಮೃದಂಗ ಬಾರಿಸುತ್ತ ಬಂದು ಎಚ್ಚರಿಸಬೇಕಾಗುತ್ತದೆ. ಹಿಂದಿರುಗುವಾಗ ಗುರುವಿನ ಜೋಳಿಗೆಯಲ್ಲಿ ಚಿನ್ನದ ಇಟ್ಟಿಗೆಯೊಂದಿರುತ್ತದೆ. ಗೋರಖನು ಅದನ್ನು ಬಿಸುಟು, ಬೆಟ್ಟವನ್ನೇ ಚಿನ್ನವಾಗಿಸಿ ತೋರಿಸುತ್ತಾನೆ. ಇಡೀ ಗ್ರಂಥದಲ್ಲಿ ನನಗೆ ಅತ್ಯಂತ ಮೆಚ್ಚುಗೆಯಾದ ಭಾಗವಿದು.

ಕನ್ನಡಿಗನಿಗೆ ಗೋರಖನು ಅಪರಿಚಿತನಲ್ಲ. 15ನೆಯ ಶತಮಾನದ ಚಾಮರಸನ ‘ಪ್ರಭುಲಿಂಗಲೀಲೆ’ಯಲ್ಲಿ ಅವನು ಅಲ್ಲಮನೆದುರು ನಿಲ್ಲುತ್ತಾನೆ. ಖಡ್ಗದ ಹೊಡೆತಕ್ಕೆ ಗೋರಕ್ಷನ ವಜ್ರದೇಹ ಕಂಚಿನಂತೆ ಧ್ವನಿಗೈಯುತ್ತದೆ, ಕೂದಲೂ ಕೊಂಕುವುದಿಲ್ಲ. ಅದೇ ಖಡ್ಗವು ಅಲ್ಲಮನಲ್ಲಿ ಬಯಲನ್ನು ಕಡಿದಂತೆ ಹಾದುಹೋಗುತ್ತದೆ. ಮಾಲು ಕವಿಯು ಸಿದ್ಧಿಗೆ ಸಿದ್ಧಿಯನ್ನು ಸೇರಿಸುತ್ತ ಹೋದರೆ, ಚಾಮರಸನು ಧ್ವನಿ ಬರುವಷ್ಟು ದೇಹ ಉಳಿದಿರುವುದನ್ನೇ ಕೊರತೆಯೆಂದು ಎಣಿಸಿದನು. ಹಾಗೆಂದು ಕನ್ನಡ ಕಾವ್ಯವನ್ನು ಮೇಲಕ್ಕಿರಿಸಿ ತೃಪ್ತರಾಗುವುದು ಸಲ್ಲ. ಇವೆರಡರ ಪ್ರಶ್ನೆಗಳೇ ಬೇರೆ: ಶಕ್ತಿಯನ್ನು ಯಾವ ಕಟ್ಟಿನೊಳಗಿಡಬೇಕು ಎಂಬುದು ಒಂದರದು, ಶಕ್ತಿಯೇ ಬೇಕೇ ಎಂಬುದು ಇನ್ನೊಂದರದು.

ಎರಡು ನಾಡುಗಳ ನಡುವೆ ನಾಥರ ಹಾದಿಯಂತೂ ಮುಚ್ಚಿಲ್ಲ. ಹನ್ನೆರಡು ವರ್ಷಗಳಿಗೊಮ್ಮೆ ತ್ರ್ಯಂಬಕೇಶ್ವರದಿಂದ ಜೋಗಿಗಳ ಝುಂಡಿಯು ಕಾಲ್ನಡಿಗೆಯಲ್ಲಿ ಹೊರಟು ಮಂಗಳೂರಿನ ಕದ್ರಿಮಠವನ್ನು ಸೇರುತ್ತದೆ. 2016ರಲ್ಲಿ ಹಾಗೆ ಬಂದಿತ್ತು. ಕದ್ರಿಯ ಮಂಜುನಾಥ ದೇವಾಲಯದಲ್ಲಿ ಆಳುಪ ಕುಂದವರ್ಮನು 968ರಲ್ಲಿ ಪ್ರತಿಷ್ಠಿಸಿದ ಲೋಕೇಶ್ವರ ವಿಗ್ರಹವಿದೆ. ಇತ್ತ ಕಲ್ಯಾಣದ ದಕ್ಷಿಣಕ್ಕಿರುವ ಮಲಂಗಗಡವನ್ನು ಕೆಲವರು ಹಾಜಿ ಮಲಂಗರ ದರ್ಗಾ ಎನ್ನುತ್ತಾರೆ, ಕೆಲವರು ಮಚ್ಛಿಂದ್ರನಾಥನ ಸಮಾಧಿ ಎನ್ನುತ್ತಾರೆ. ಆ ವಿವಾದ ನಮ್ಮ ವಿಷಯವಲ್ಲ. ಠಾಕುರ್ಲಿಯ ಪಾರಾಯಣದಲ್ಲಿ ಕೇಳಿಬರುವ ಮಚ್ಛಿಂದ್ರನ ಹೆಸರು ಆ ಬೆಟ್ಟದ ಮೇಲೂ ಇದೆ, ಕದ್ರಿಯ ಐತಿಹ್ಯಗಳಲ್ಲಿಯೂ ಇದೆ.