ತಲೆಯ ತೀರ್ಪು, ಒಡಲಿನ ನೆನಪು: ‘ಹಯವದನ’ದಲ್ಲಿ ರೂಪ ಮತ್ತು ದಾಂಪತ್ಯ

ಗಿರೀಶ ಕಾರ್ನಾಡರ ‘ಹಯವದನ’ (1971) ನಾಟಕವು ಹೊರನಾಡಿನ ಕನ್ನಡ ಅಭ್ಯಾಸಿಗಳಿಗೆ ಅಪರಿಚಿತವಾದುದೇನೂ ಅಲ್ಲ. ಅದರ ರಂಗಜೀವನದ ಆರಂಭದ ಘಟ್ಟವು ಬಹುಮಟ್ಟಿಗೆ ಹೊರನಾಡಿನಲ್ಲಿಯೇ ನಡೆದುದು. 1972ರಲ್ಲಿ ದೆಹಲಿಯಲ್ಲಿ ಬಿ. ವಿ. ಕಾರಂತರೂ ಮುಂಬಯಿಯಲ್ಲಿ ಸತ್ಯದೇವ ದುಬೆಯವರೂ ಅದನ್ನು ಹಿಂದಿಯಲ್ಲಿ ರಂಗಕ್ಕೆ ತಂದರು. ಅದೇ ವರ್ಷದ ಡಿಸೆಂಬರಿನಲ್ಲಿ ಮದರಾಸಿನ ಮ್ಯೂಸಿಯಂ ಥಿಯೇಟರಿನಲ್ಲಿ ಮದ್ರಾಸ್ ಪ್ಲೇಯರ್ಸ್ ತಂಡವು ಇಂಗ್ಲಿಷಿನಲ್ಲಿ ಆಡಿತು. 1975ರಲ್ಲಿ ಕಾರ್ನಾಡರದೇ ಇಂಗ್ಲಿಷ್ ಅನುವಾದ ಅಚ್ಚಾದ ಮೇಲೆ ಅದು ವಿಶ್ವವಿದ್ಯಾಲಯಗಳ ಪಠ್ಯವಾಯಿತು. ಪಠ್ಯವಾದುದರಿಂದ ಲಾಭವಾದಂತೆ ಒಂದು ನಷ್ಟವೂ ಆಗಿದೆ ಎಂಬುದು ನಮ್ಮ ಅಭಿಪ್ರಾಯ. ‘ಅಪೂರ್ಣತೆಯಿಂದ ಪೂರ್ಣತೆಯ ಕಡೆಗೆ ಮಾನವನ ಹಂಬಲ’ ಎಂಬ ಒಂದು ಸೂತ್ರವು ಈ ನಾಟಕದ ಮೇಲೆ ಮುಚ್ಚಳದಂತೆ ಕುಳಿತುಬಿಟ್ಟಿದೆ. ನಾವು ಪರಿಶೀಲಿಸಿದ ಅನೇಕ ಸಂಪ್ರಬಂಧಗಳು ಈ ಸೂತ್ರದಿಂದ ಹೊರಟು ಅದಕ್ಕೇ ಬಂದು ಸೇರುತ್ತವೆ. ನಡುವೆ ಪದ್ಮಿನಿ ಎಂಬ ಹೆಣ್ಣೊಬ್ಬಳು ಇದ್ದಾಳೆಂಬುದು ಅವುಗಳಲ್ಲಿ ಅಡಿಟಿಪ್ಪಣಿಯ ಮಾತಾಗುತ್ತದೆ.

ಸೂತ್ರವು ನಿರಾಧಾರವಾದುದೆಂದು ನಾವು ಹೇಳುತ್ತಿಲ್ಲ. ಆನೆಯ ಮೊಗದ ಗಣಪತಿಯ ಪೂಜೆ ಮೊದಲಿಗಿದೆ. ಕುದುರೆಯ ಮೊಗದ ಮನುಷ್ಯ ಪೂರ್ಣನಾಗಲು ಹೊರಟ ಕಥೆ ಹೊರಚೌಕಟ್ಟಿನಲ್ಲಿದೆ. ಆದರೆ ಚೌಕಟ್ಟು ಚಿತ್ರವಲ್ಲ. ಒಳಗಿನ ಚಿತ್ರವು ಹೆಚ್ಚು ಸಾಮಾನ್ಯವಾದ, ಹೆಚ್ಚು ನೋಯಿಸುವ ಒಂದು ಸಂಗತಿಯನ್ನು ಕುರಿತದ್ದು. ಕೈಹಿಡಿದವನ ಮೈ ಕಣ್ಣಿಗೆ ತುಂಬದೆ, ಕಣ್ಣು ತುಂಬಿದ ಮೈ ಬೇರೊಬ್ಬನದಾಗಿರುವಾಗ ದಾಂಪತ್ಯಕ್ಕೆ ಏನಾಗುತ್ತದೆ? ನಾಟಕದ ಪ್ರಶ್ನೆ ಇದು.

ಮೂಲಕಥೆಯೊಡನೆ ಹೋಲಿಸಿದರೆ ಈ ಮಾತು ಸ್ಪಷ್ಟವಾಗುತ್ತದೆ. ಹನ್ನೊಂದನೆಯ ಶತಮಾನದ ಕಾಶ್ಮೀರದ ಸೋಮದೇವನ ‘ಕಥಾಸರಿತ್ಸಾಗರ’ದಲ್ಲಿ ಬೇತಾಳನು ಹೇಳುವ ಕಥೆಗಳೊಳಗೆ ಇದೂ ಒಂದು. ಅಲ್ಲಿ ದೇವಿಯ ಗುಡಿಯಲ್ಲಿ ತಲೆ ಕತ್ತರಿಸಿಕೊಳ್ಳುವವರು ಮದನಸುಂದರಿಯ ಗಂಡ ಮತ್ತು ಅವಳ ಅಣ್ಣತಮ್ಮಂದಿರಲ್ಲೊಬ್ಬ. ಎರಡನೆಯವನು ಗಂಡನ ಗೆಳೆಯನಾಗಿರುವ ಪಾಠಗಳೂ ಉಂಟು. ಇದು ಚಿಕ್ಕ ವ್ಯತ್ಯಾಸವೆಂದು ತೋರಬಹುದು. ಆದರೆ ಎರಡನೆಯವನು ಒಡಹುಟ್ಟಿದವನಾಗಿದ್ದಾಗ ಅವನ ಮೈಕಟ್ಟಿನ ವಿಚಾರ ಏಳುವುದೇ ಇಲ್ಲ; ಏಳುವುದು ಧರ್ಮಸೂಕ್ಷ್ಮದ ಪ್ರಶ್ನೆ ಮಾತ್ರ. ಇವರಲ್ಲಿ ಗಂಡನಾರು? ಅಂಗಗಳಲ್ಲಿ ತಲೆಯೇ ಪ್ರಧಾನ, ಆದ್ದರಿಂದ ತಲೆಯುಳ್ಳವನೇ ಗಂಡ ಎಂದು ವಿಕ್ರಮನು ತೀರ್ಪು ಕೊಡುತ್ತಾನೆ. ಬೇತಾಳ ಮರಕ್ಕೆ ಹಾರುತ್ತದೆ. ಆ ಹೆಣ್ಣು ಮನೆಗೆ ಹೋಗಿ ಹೇಗೆ ಬಾಳಿದಳೆಂಬ ಚಿಂತೆ ರಾಜನಿಗೂ ಇಲ್ಲ, ಬೇತಾಳಕ್ಕೂ ಇಲ್ಲ.

ಆ ಚಿಂತೆಯನ್ನು ಮೊದಲು ಕೈಗೆತ್ತಿಕೊಂಡವನು ಜರ್ಮನ್ ಕಾದಂಬರಿಕಾರ ಥಾಮಸ್ ಮನ್. 1940ರಲ್ಲಿ ಪ್ರಕಟವಾದ, ತಲೆಗಳ ಅದಲುಬದಲನ್ನೇ ವಸ್ತುವಾಗುಳ್ಳ ಅವನ ನೀಳ್ಗತೆಯನ್ನು ಭಾರತಶಾಸ್ತ್ರಜ್ಞ ಹೈನ್ರಿಖ್ ಝಿಮ್ಮರನಿಗೆ ಅರ್ಪಿಸಲಾಗಿದೆ. ಅಲ್ಲಿ ಇಬ್ಬರೂ ಗೆಳೆಯರು. ತಲೆ ಬದಲಾದ ಮೇಲೆ ಮೈಗಳು ಮೆಲ್ಲಮೆಲ್ಲನೆ ತಲೆಯ ಹಿಡಿತಕ್ಕೆ ಬಂದು ಮಾರ್ಪಡುತ್ತವೆ. ಈ ಎಳೆಯನ್ನು ಕಾರ್ನಾಡರು ಮನ್‌ನಿಂದ ಪಡೆದವರು. ಹೀಗೆಂದರೆ ನಾಟಕದ ಘನತೆಗೆ ಕುಂದಿಲ್ಲ. ಪಂಪನೂ ವ್ಯಾಸನಿಂದ ಪಡೆದವನೇ. ಪಡೆದುದನ್ನು ಯಾರ ಕಣ್ಣಿನಲ್ಲಿ ಇಟ್ಟರು ಎಂಬುದು ನೋಡಬೇಕಾದ ವಿಷಯ.

ನಾಟಕವು ಎರಡು ಅಂಕಗಳದು. ಸೋಮದೇವನ ಕಥೆ ಮೊದಲನೆಯ ಅಂಕಕ್ಕೇ ಮುಗಿದುಹೋಗುತ್ತದೆ. ಗಂಡನಾರೆಂಬ ಸಮಸ್ಯೆಯನ್ನು ಪ್ರೇಕ್ಷಕರ ಮುಂದಿಟ್ಟು ಭಾಗವತನು ವಿರಾಮ ಕೊಡುತ್ತಾನೆ. ವಿರಾಮದ ನಂತರ ಋಷಿಯೊಬ್ಬನ ತೀರ್ಪು ಭಾಗವತನ ಬಾಯಲ್ಲಿ ವರದಿಯಾಗುತ್ತದೆ. ಋಷಿಯು ರಂಗದ ಮೇಲೆ ಬರುವುದೂ ಇಲ್ಲ. ಯಾವುದನ್ನು ತಾತ್ತ್ವಿಕ ಕೇಂದ್ರವೆಂದು ನಮ್ಮ ಪ್ರಬಂಧಗಳು ಪುಟಗಟ್ಟಲೆ ಚರ್ಚಿಸುತ್ತವೆಯೋ ಅದನ್ನು ನಾಟಕಕಾರರು ಕೆಲವೇ ಮಾತುಗಳಲ್ಲಿ ದಾಟಿಬಿಟ್ಟಿದ್ದಾರೆ. ಉಳಿದ ಇಡೀ ಅಂಕವು ತೀರ್ಪಿನ ನಂತರದ ಸಂಸಾರದ್ದು.

ಬಿರುಕು ಮಾತ್ರ ಬಹಳ ಮೊದಲೇ ಬಿದ್ದಿದೆ. ವಿದ್ಯಾಸಾಗರನ ಮಗ ದೇವದತ್ತ ಪದ್ಮಿನಿಯನ್ನು ಕಾಣುವುದು ಕಾವ್ಯದ ಮೂಲಕ. ಗೆಳೆಯನ ಮುಂದೆ ಅವಳನ್ನು ವರ್ಣಿಸುವಾಗ ಅವನ ಬಾಯಲ್ಲಿ ಬರುವುವು ಕಾಳಿದಾಸ, ವಾತ್ಸ್ಯಾಯನ, ಶ್ಯಾಮಾ ನಾಯಿಕೆಯ ಲಕ್ಷಣ. ಅವಳು ಅವನಿಗೆ ಪದ್ಯ. ಕಮ್ಮಾರ ಲೋಹಿತನ ಮಗ ಕಪಿಲನಿಗೆ ಕಾವ್ಯದ ಗಂಧವಿಲ್ಲ. ಗೆಳೆಯನ ಪರವಾಗಿ ಹೆಣ್ಣು ಹುಡುಕಿಕೊಂಡು ಹೋದವನು ಅವಳ ಮನೆಯ ಬಾಗಿಲವಾಡದ ಮೇಲೆ ಎರಡು ತಲೆಯ ಹಕ್ಕಿಯ ಕೆತ್ತನೆಯನ್ನು ಕಾಣುತ್ತಾನೆ. ಗಂಡಭೇರುಂಡವನ್ನು ಬಲ್ಲ ಕನ್ನಡ ಪ್ರೇಕ್ಷಕನಿಗೆ ಇದಕ್ಕಿಂತ ಹೆಚ್ಚಿನ ಸೂಚನೆ ಬೇಡ. ಬಾಗಿಲಲ್ಲಿ ನಾಲ್ಕು ಮಾತಾಡುವುದರೊಳಗೆ ಅವಳ ಚುರುಕನ್ನು ಕಂಡು, ಇವಳಿಗೆ ಉಕ್ಕಿನಂತಹ ಗಂಡಸು ಬೇಕು, ದೇವದತ್ತನಂತಹ ಮೆದುವಾದವನಲ್ಲ ಎಂದು ಅವನಿಗೆ ಹೊಳೆಯುತ್ತದೆ. ಓದಿದವನಿಗೆ ಕಾಣದುದು ಓದದವನಿಗೆ ಒಂದು ನೋಟದಲ್ಲಿ ಕಂಡಿತು.

ಉಜ್ಜಯಿನಿಗೆ ಹೋಗುವ ಬಂಡಿಯ ದೃಶ್ಯವನ್ನು ಕನ್ನಡ ನಾಟಕದ ಅತ್ಯಂತ ಸೂಕ್ಷ್ಮ ದೃಶ್ಯಗಳಲ್ಲಿ ಒಂದೆಂದು ನಾವು ಎಣಿಸುತ್ತೇವೆ. ಬಸುರಿ ಪದ್ಮಿನಿ ಕೇಳಿದಳೆಂದು ಕಪಿಲನು ಮರ ಹತ್ತಿ, ಮುತ್ತೈದೆಯ ಲಕ್ಷಣಗಳನ್ನೆಲ್ಲ ಹೊತ್ತ ಹೂವನ್ನು ಕೊಯ್ಯುತ್ತಾನೆ. ಅವನ ಬರಿಯ ಬೆನ್ನನ್ನೂ ಅದರ ಮೇಲೆ ಅಲೆಯಂತೆ ಏಳುವ ಸ್ನಾಯುಗಳನ್ನೂ ಅವಳು ನೋಡುತ್ತಾಳೆ. ಅವಳು ನೋಡುವುದನ್ನು ದೇವದತ್ತ ನೋಡುತ್ತಾನೆ. ಅವನು ನೋಡಿದ್ದು ಅವಳಿಗೆ ತಿಳಿಯುತ್ತದೆ. ತಪ್ಪೆಂದು ಹೆಸರಿಟ್ಟು ಕರೆಯಬಹುದಾದ ಕಾರ್ಯವೊಂದೂ ಇಲ್ಲಿ ನಡೆದಿಲ್ಲ. ಆದರೆ ಸಂಸಾರ ಇಲ್ಲಿಗೆ ಮುರಿದಿದೆ. ನಮ್ಮ ಪ್ರಾಚೀನ ಕಾವ್ಯಗಳಲ್ಲಿ ಹೆಣ್ಣಿನ ನಖಶಿಖಾಂತ ವರ್ಣನೆಗೆ ಬರವಿಲ್ಲ. ಗಂಡಿನ ಬೆನ್ನನ್ನು ಹೆಣ್ಣೊಬ್ಬಳು ಹೀಗೆ ನಿಧಾನವಾಗಿ, ಅಳೆದು, ಆಸೆಯಿಂದ ನೋಡುವ ಪ್ರಸಂಗಗಳು ವಿರಳ.

ವಿರಳವೆಂದೆವೇ ಹೊರತು ಇಲ್ಲವೆನ್ನಲಿಲ್ಲ. ಹೊಯ್ಸಳ ವೀರಬಲ್ಲಾಳನ ಆಸ್ಥಾನದ ಕವಿಚಕ್ರವರ್ತಿ ಜನ್ನನ ‘ಯಶೋಧರಚರಿತೆ’ (1209) ಇಲ್ಲಿ ಅವಶ್ಯವಾಗಿ ನೆನಪಾಗಬೇಕು. ಉಜ್ಜಯಿನಿಯ ರಾಣಿ ಅಮೃತಮತಿ ಇರುಳಿನಲ್ಲಿ ಮಾವುತನೊಬ್ಬನ ಹಾಡಿಗೆ ಮನಸೋಲುತ್ತಾಳೆ. ಅವನನ್ನು ನೋಡಿಬಂದ ಕೆಳದಿ ಆ ಅಷ್ಟಾವಂಕನ ಕುರೂಪವನ್ನು ಹೇಸಿಗೆಯಾಗುವಂತೆ ಬಣ್ಣಿಸುತ್ತಾಳೆ. ಒಲವು ಮೂಡಿದ ಮೇಲೆ ರೂಪದ ಗೊಡವೆ ಏಕೆಂದು ರಾಣಿ ಅವಳ ಬಾಯಿ ಮುಚ್ಚಿಸುತ್ತಾಳೆ. ತಡವಾಗಿ ಬಂದಳೆಂದು ಅವನು ಹೊಡೆದರೂ ಅವನನ್ನೇ ಬಯಸುತ್ತಾಳೆ. ಸುಂದರನಾದ ಯಶೋಧರ ಅರಮನೆಯಲ್ಲಿ ಮಲಗಿದ್ದಾನೆ. ಕವಿಗೆ ಅವಳ ಮನಸ್ಸಿನ ದಾರಿ ಚೆನ್ನಾಗಿ ಗೊತ್ತು. ಅವಳ ಮಾತಿಗೆ ಅವನು ಕೊಟ್ಟ ಬಲವನ್ನು ಕಾವ್ಯದ ಉಳಿದ ನೀತಿಯು ಅಳಿಸಲಾರದು. ಆದರೆ ಜೈನಕವಿಯಾಗಿ ಅವನು ಕಥೆಯನ್ನು ಕೊಂಡೊಯ್ಯಬೇಕಾದುದು ಸಂಕಲ್ಪಹಿಂಸೆಯ ಕಡೆಗೆ, ಹಿಟ್ಟಿನ ಕೋಳಿಯ ಬಲಿಯ ಕಡೆಗೆ, ಭವಾವಳಿಯ ಕಡೆಗೆ. ಅಮೃತಮತಿ ಗಂಡನಿಗೂ ಅತ್ತೆಗೂ ವಿಷವಿಟ್ಟು ಪಾಪದ ಪಾಲಾಗುತ್ತಾಳೆ. ಕಾರ್ನಾಡರು ಮುಂದೆ ‘ಹಿಟ್ಟಿನ ಹುಂಜ’ (1980) ನಾಟಕದಲ್ಲಿ ನೇರವಾಗಿ ಈ ಕಥೆಗೇ ಕೈಯಿಟ್ಟರು. ಅದಕ್ಕೆ ಮುಂಚಿನ ‘ಹಯವದನ’ದಲ್ಲಿಯೂ ಅಮೃತಮತಿಯ ನೆರಳಿದೆ ಎಂದು ನಮಗೆ ತೋರುತ್ತದೆ. ಇಬ್ಬರ ಹಾದಿಯೂ ವಿರುದ್ಧ: ಒಬ್ಬಳು ಚೆಲುವನ್ನು ಬಿಟ್ಟು ಕುರೂಪದೆಡೆಗೆ ಹೋದವಳು, ಇನ್ನೊಬ್ಬಳು ಚೆಲುವಾದ ಮೈಯೆಡೆಗೆ ಹೋದವಳು. ಗಂಡನ ಗುಣದಲ್ಲಿ ಇಬ್ಬರೂ ಕೊರತೆ ಕಂಡವರಲ್ಲ.

ಕಾಳಿಯ ಗುಡಿಯಲ್ಲಿ ಪದ್ಮಿನಿ ತಲೆಗಳನ್ನು ಅದಲುಬದಲು ಮಾಡಿದ್ದು ಕೈತಪ್ಪೇ, ಮನದಾಸೆಯೇ? ನಾಟಕಕಾರರು ಬಿಡಿಸಿ ಹೇಳುವುದಿಲ್ಲ. ನಿದ್ದೆಗಣ್ಣಿನ ದೇವಿ ಮಾತ್ರ, ಪ್ರಾಮಾಣಿಕತೆಗೂ ಒಂದು ಮಿತಿ ಬೇಕೆಂಬ ಅರ್ಥದ ಮಾತಾಡಿ ಮಾಯವಾಗುತ್ತಾಳೆ. ದೇವಿಗೆ ಗೊತ್ತಾಗಿದೆ, ನಮಗೂ ಗೊತ್ತಾಗಬೇಕು. ಮುಂದೆ ನಡೆಯುವ ವಾದದಲ್ಲಿ ಕಪಿಲನ ಪಕ್ಷವನ್ನು ನಮ್ಮ ವಿಮರ್ಶೆ ಹಗುರವಾಗಿ ಕಂಡಿದೆ. ಅಗ್ನಿಸಾಕ್ಷಿಯಾಗಿ ಅವಳನ್ನು ಹಿಡಿದ ಕೈ ಈಗ ತನ್ನ ಮೈಯಲ್ಲಿದೆ, ಅವಳ ಬಸಿರಿಗೆ ಕಾರಣವಾದ ಒಡಲು ತನ್ನದು ಎಂದು ಅವನು ಹೇಳುವುದು ಬರಿಯ ಕುತರ್ಕವಲ್ಲ. ಶಾಸ್ತ್ರ ತಲೆಯ ಕಡೆಗಿದೆ. ವಿವಾಹದ ಕ್ರಿಯೆಗಳೆಲ್ಲ ಒಡಲಿನವು.

ಈಗ ಪದ್ಮಿನಿಗೆ ಬೇಕಾದುದೆಲ್ಲ ದೊರೆತಿದೆ: ದೇವದತ್ತನ ತಲೆ, ಕಪಿಲನ ಮೈ. ಕೆಲವು ಕಾಲ ಸುಖವೂ ಇದೆ. ಆದರೆ ದೇವದತ್ತನ ತಲೆಗೆ ಗರಡಿಮನೆಯ ರುಚಿ ಹತ್ತುವುದಿಲ್ಲ, ಅದು ಮರಳಿ ಗ್ರಂಥಗಳ ಕಡೆಗೆ ತಿರುಗುತ್ತದೆ, ಮೈ ಸಡಿಲಗೊಳ್ಳುತ್ತದೆ. ಅತ್ತ ಕಾಡಿನಲ್ಲಿ ಕಪಿಲನು ಆ ಕೋಮಲ ಶರೀರವನ್ನು ಬಡಿದು ಬಡಿದು ಉಕ್ಕಾಗಿಸುತ್ತಾನೆ. ಇದನ್ನು ರಂಗದ ಮೇಲೆ ತೋರಿಸುವುದು ಹೇಗೆ? ಮುಖವಾಡಗಳನ್ನು ಬದಲಿಸಬಹುದು: ದೇವದತ್ತನದು ಬಿಳುಪು, ಕಪಿಲನದು ಕಪ್ಪು. ನಟನ ಮೈಯನ್ನು ಒಂದು ಸಂಜೆಯಲ್ಲಿ ಕರಗಿಸಲಾಗದು. ಕಾರ್ನಾಡರು ಈ ಕೆಲಸವನ್ನು ಉಜ್ಜಯಿನಿಯ ಜಾತ್ರೆಯಿಂದ ತಂದ ಎರಡು ಗೊಂಬೆಗಳಿಗೆ ವಹಿಸಿದರು. ತಮ್ಮನ್ನು ಎತ್ತಿಕೊಂಡ ದೇವದತ್ತನ ಅಂಗೈ ಮೊದಲು ಒರಟಾಗಿತ್ತು, ಈಗ ಮೆತ್ತಗಾಗಿದೆ ಎಂದು ಅವು ಚಾಡಿ ಹೇಳುತ್ತವೆ. ಪದ್ಮಿನಿಯ ಕನಸಿನೊಳಗೆ ಇಣುಕಿ ಅಲ್ಲಿ ಬಂದವನಾರೆಂದು ಒಂದಕ್ಕೊಂದು ಪಿಸುಗುಡುತ್ತವೆ. ದಂಪತಿಗಳು ಒಬ್ಬರಿಗೊಬ್ಬರು ಹೇಳಲಾರದುದನ್ನು ಆಟದ ಗೊಂಬೆಗಳು ಆಡುತ್ತವೆ. ಈ ಭಾಗವನ್ನು ಕೇವಲ ಹಾಸ್ಯವೆಂದು ಓಡಿಸುವ ಪ್ರಯೋಗಗಳನ್ನು ನಾವು ಕಂಡಿದ್ದೇವೆ. ಅಂತಹ ಕಡೆ ಎರಡನೆಯ ಅಂಕದ ಬೆನ್ನೆಲುಬೇ ಮುರಿಯುತ್ತದೆ. 1984ರಲ್ಲಿ ವಿಜಯಾ ಮೆಹತಾ ಅವರು ವೈಮಾರ್ ನಗರದಲ್ಲಿ ಜರ್ಮನ್ ನಟರಿಂದ ಇದನ್ನು ಆಡಿಸಿದರು. ಮರಾಠಿ, ಹಿಂದಿ, ಇಂಗ್ಲಿಷ್ ಪಾಠಗಳಲ್ಲಿ ಗೊಂಬೆಗಳ ಮಾತಿನ ಧಾಟಿ ಹೇಗೆ ಬದಲಾಗಿದೆ ಎಂಬುದನ್ನು ಆಯಾ ಊರಿನಲ್ಲಿರುವ ನಮ್ಮ ಸಂಶೋಧಕರು ಕನ್ನಡದೊಡನೆ ಇಟ್ಟು ನೋಡುವುದು ಪೂರ್ಣತೆಯ ಮೇಲೆ ಮತ್ತೊಂದು ಪ್ರಬಂಧ ಬರೆಯುವುದಕ್ಕಿಂತ ಉಪಯುಕ್ತವಾದೀತು.

ಹೊಸ ಗೊಂಬೆ ತರಲು ಗಂಡನನ್ನು ಜಾತ್ರೆಗೆ ಕಳುಹಿಸಿ ಪದ್ಮಿನಿ ಕೂಸಿನೊಡನೆ ಕಾಡಿಗೆ ಹೋಗುತ್ತಾಳೆ. ಅಲ್ಲಿ ಕಪಿಲ ಆಡುವ ಮಾತುಗಳಲ್ಲಿ ನಾಟಕದ ಅತಿ ಗಾಢವಾದ ತಿಳಿವಳಿಕೆಯಿದೆ. ತಲೆ ಅರಿಯದ ಸ್ಪರ್ಶಗಳನ್ನು ಒಡಲು ನೆನಪಿಟ್ಟುಕೊಂಡಿದೆ. ಮುಖವಿಲ್ಲದ, ಹೆಸರಿಲ್ಲದ ಆ ನೆನಪುಗಳನ್ನು ಹೂಳಲು ತಾನು ಮೈಯನ್ನು ದಂಡಿಸಿದೆ, ಅವಳು ಬಂದು ಅವನ್ನು ಮತ್ತೆ ಎಬ್ಬಿಸಿದಳು ಎಂಬುದು ಅವನ ಸಂಕಟ. ಋಷಿಯ ತೀರ್ಪಿನಲ್ಲಿ ಈ ನೆನಪಿಗೆ ಸ್ಥಾನವಿರಲಿಲ್ಲ. ಗೆಳೆಯರಿಬ್ಬರೂ ಒಬ್ಬರನ್ನೊಬ್ಬರು ಕೊಂದುಕೊಳ್ಳುತ್ತಾರೆ, ದ್ವೇಷದಿಂದಲ್ಲ. ಮೂವರೂ ಕೂಡಿ ಬಾಳುವಂತಿರಲಿಲ್ಲವೇ ಎಂಬ ಪ್ರಶ್ನೆ ಏಳುತ್ತದೆ, ಸಾಧ್ಯವಿಲ್ಲವೆಂದು ತೀರುತ್ತದೆ, ಪದ್ಮಿನಿ ಚಿತೆಯೇರುತ್ತಾಳೆ.

ಭಾಗವತನು ಅವಳ ಪಾತಿವ್ರತ್ಯವನ್ನು ಹೊಗಳುತ್ತ, ಅವಳು ಸತಿಹೋದ ಜಾಗ ಯಾರಿಗೂ ತಿಳಿಯದೆಂದು ಹೇಳುವ ಮಾತಿನಲ್ಲಿ ವ್ಯಂಗ್ಯವೆಷ್ಟು, ಮರುಕವೆಷ್ಟು ಎಂಬುದು ನಟನ ದನಿಗೆ ಬಿಟ್ಟದ್ದು. ಶಾಸನಗಳೊಡನೆ ಕಾಲ ಕಳೆದ ನಮ್ಮಂಥವರಿಗೆ ಆ ಮಾತು ಕೇಳಿದಾಗ ಕರ್ನಾಟಕದ ಊರೂರಿನ ಮಾಸ್ತಿಕಲ್ಲುಗಳು ಕಣ್ಣಿಗೆ ಕಟ್ಟುತ್ತವೆ. ಅವುಗಳಲ್ಲಿ ಅನೇಕದರಲ್ಲಿ ಹೆಣ್ಣಿನ ಮುಖವಿಲ್ಲ, ಒಡಲಿಲ್ಲ. ಕಂಬದಿಂದ ಹೊರಟ ಒಂದು ತೋಳು, ಮೇಲೆತ್ತಿದ ಅಂಗೈ, ಮುಂಗೈ ತುಂಬ ಬಳೆ, ಅಷ್ಟೆ. ಪದ್ಮಿನಿಗೆ ಅಂತಹ ಕಲ್ಲನ್ನೂ ನಾಟಕಕಾರರು ನೆಡಿಸಲಿಲ್ಲ.