ವಾಟರ್‌ಗೇಟ್ ಪ್ರಕರಣ: ತರಗತಿಯಲ್ಲಿ ವಿವರಿಸುವ ಬಗೆ

‘ಕಾನೂನಿಗಿಂತ ಯಾರೂ ದೊಡ್ಡವರಲ್ಲ’ ಎಂಬ ವಾಕ್ಯವನ್ನು ಮಕ್ಕಳಿಂದ ಹೇಳಿಸುವುದು ಕಷ್ಟವಲ್ಲ. ಇಡೀ ತರಗತಿ ಒಂದೇ ದನಿಯಲ್ಲಿ ಹೇಳುತ್ತದೆ. ಆದರೆ ‘ದೇಶದ ಅತಿ ದೊಡ್ಡ ಅಧಿಕಾರಿಯೇ ತಪ್ಪು ಮಾಡಿದರೆ ಅವರನ್ನು ಹಿಡಿಯುವವರು ಯಾರು, ಹೇಗೆ?’ ಎಂದು ಮುಂದಿನ ಪ್ರಶ್ನೆ ಹಾಕಿದರೆ ತರಗತಿ ಸುಮ್ಮನಾಗುತ್ತದೆ. ವ್ಯಾಖ್ಯೆ ಬಾಯಿಗೆ ಬಂದಿದೆ, ಆದರೆ ಅದು ಕೆಲಸ ಮಾಡುವ ರೀತಿ ಮನಸ್ಸಿಗೆ ಬಂದಿಲ್ಲ. ಅಧಿಕಾರ ವಿಭಜನೆ, ನಿಯಂತ್ರಣ ಮತ್ತು ಸಮತೋಲನ ಎಂಬ ಪರಿಕಲ್ಪನೆಗಳನ್ನು ಬೋಧಿಸುವಾಗ ಈ ಕೊರತೆಯನ್ನು ತುಂಬಲು ಅಮೆರಿಕದ ವಾಟರ್‌ಗೇಟ್ ಪ್ರಕರಣ ಒಳ್ಳೆಯ ನಿದರ್ಶನ. ಪ್ರಶಿಕ್ಷಣಾರ್ಥಿಗಳು ಅದನ್ನು ಪಾಠಯೋಜನೆಗೆ ಅಳವಡಿಸಿಕೊಳ್ಳುವಾಗ ತಿಳಿದಿರಬೇಕಾದ ಸಂಗತಿಗಳನ್ನೂ ಎಚ್ಚರ ವಹಿಸಬೇಕಾದ ಕಡೆಗಳನ್ನೂ ಇಲ್ಲಿ ವಿವರಿಸಲಾಗಿದೆ.

ಘಟನೆಯ ಆರಂಭ

ವಾಟರ್‌ಗೇಟ್ ಎಂಬುದು ಒಂದು ಕಟ್ಟಡ ಸಮುಚ್ಚಯದ ಹೆಸರು. ಅದು ವಾಷಿಂಗ್ಟನ್ ನಗರದಲ್ಲಿ ಪೊಟೊಮ್ಯಾಕ್ ನದಿಯ ಬಳಿ ಇದೆ. ಇದನ್ನು ಮೊದಲೇ ಹೇಳಿಬಿಡಬೇಕು. ಇಲ್ಲವಾದರೆ ಮಕ್ಕಳು ಯಾವುದೋ ಅಣೆಕಟ್ಟಿನ ಗೇಟನ್ನು ಕಲ್ಪಿಸಿಕೊಳ್ಳುತ್ತಾರೆ. ಮುಂದೆ ಹಗರಣಗಳ ಹೆಸರಿಗೆ ‘ಗೇಟ್’ ಸೇರಿಸುವ ರೂಢಿ ಬಂದದ್ದು ಈ ಕಟ್ಟಡದಿಂದಲೇ. ನಮ್ಮ ದೇಶದ ಕಲ್ಲಿದ್ದಲು ಹಂಚಿಕೆ ಹಗರಣವನ್ನು ಪತ್ರಿಕೆಗಳು ‘ಕೋಲ್‌ಗೇಟ್’ ಎಂದು ಕರೆದದ್ದೂ ಹಾಗೆಯೇ.

ಈ ಸಮುಚ್ಚಯದ ಕಚೇರಿ ಕಟ್ಟಡದ ಆರನೆಯ ಮಹಡಿಯಲ್ಲಿ ಡೆಮಾಕ್ರಟಿಕ್ ಪಕ್ಷದ ರಾಷ್ಟ್ರೀಯ ಸಮಿತಿಯ ಕಚೇರಿ ಇತ್ತು. 1972ರ ಜೂನ್ 17ರ ನಸುಕಿಗೆ ಮುನ್ನ ರಾತ್ರಿ ಕಾವಲುಗಾರ ಫ್ರ್ಯಾಂಕ್ ವಿಲ್ಸ್ ಅವರಿಗೆ ಒಂದು ಬಾಗಿಲಿನ ಚಿಲಕಕ್ಕೆ ಟೇಪು ಅಂಟಿಸಿರುವುದು ಕಂಡಿತು. ಅವರು ಅದನ್ನು ಕಿತ್ತುಹಾಕಿದರು. ಸ್ವಲ್ಪ ಹೊತ್ತಿನ ಮೇಲೆ ಬಂದು ನೋಡಿದಾಗ ಮತ್ತೆ ಟೇಪು ಅಂಟಿಕೊಂಡಿತ್ತು. ಅವರು ಪೊಲೀಸರಿಗೆ ಫೋನ್ ಮಾಡಿದರು. ಕ್ಯಾಮೆರಾ ಮತ್ತು ಕದ್ದಾಲಿಕೆಯ ಸಾಧನಗಳೊಂದಿಗೆ ಐದು ಮಂದಿ ಸಿಕ್ಕಿಬಿದ್ದರು. ಅವರಲ್ಲಿ ಒಬ್ಬರಾದ ಜೇಮ್ಸ್ ಮೆಕಾರ್ಡ್, ಅಧ್ಯಕ್ಷ ರಿಚರ್ಡ್ ನಿಕ್ಸನ್ ಅವರ ಮರುಆಯ್ಕೆಗಾಗಿ ರಚಿಸಿದ್ದ ಸಮಿತಿಯ ಭದ್ರತಾ ಸಂಯೋಜಕ.

ನಿಕ್ಸನ್ ರಿಪಬ್ಲಿಕನ್ ಪಕ್ಷದವರು, ಆಗ ಎರಡನೆಯ ಅವಧಿಗೆ ಸ್ಪರ್ಧಿಸುತ್ತಿದ್ದರು. ಶ್ವೇತಭವನ ಈ ಘಟನೆಗೂ ತನಗೂ ಸಂಬಂಧವಿಲ್ಲ ಎಂದಿತು. ನವೆಂಬರ್ ಚುನಾವಣೆಯಲ್ಲಿ ಅವರು 50 ರಾಜ್ಯಗಳ ಪೈಕಿ 49ರಲ್ಲಿ ಗೆದ್ದರು. ಇಲ್ಲಿ ಶಿಕ್ಷಕರು ಒಂದು ಕ್ಷಣ ನಿಲ್ಲಬೇಕು. ಇಷ್ಟು ಭಾರಿ ಜನಬೆಂಬಲ ಪಡೆದ ವ್ಯಕ್ತಿ ಎರಡು ವರ್ಷ ತುಂಬುವ ಮೊದಲೇ ಅಧಿಕಾರ ಬಿಟ್ಟುಹೋಗಬೇಕಾಗಿ ಬಂದದ್ದು ಏಕೆ? ಇದೇ ಪಾಠದ ಕೇಂದ್ರ ಪ್ರಶ್ನೆ.

ನುಗ್ಗಿದ್ದು ಬೇರೆ, ಮುಚ್ಚಿಟ್ಟದ್ದು ಬೇರೆ

ಈ ವ್ಯತ್ಯಾಸ ಸ್ಪಷ್ಟವಾಗದಿದ್ದರೆ ಉಳಿದದ್ದು ಯಾವುದೂ ಅರ್ಥವಾಗುವುದಿಲ್ಲ. ಕಚೇರಿಗೆ ನುಗ್ಗುವ ಯೋಜನೆ ನಿಕ್ಸನ್ ಅವರಿಗೆ ಮೊದಲೇ ತಿಳಿದಿತ್ತು ಎಂಬುದಕ್ಕೆ ಖಚಿತ ಪುರಾವೆ ಸಿಕ್ಕಿಲ್ಲ. ಅವರನ್ನು ಬೀಳಿಸಿದ್ದು ಆಮೇಲೆ ನಡೆದ ಕೆಲಸ. ಬಂಧನವಾಗಿ ಆರು ದಿನಗಳಾಗಿದ್ದವು. ಜೂನ್ 23ರಂದು ಅವರು ತಮ್ಮ ಆಪ್ತ ಎಚ್. ಆರ್. ಹಾಲ್ಡೆಮನ್ ಜೊತೆ ಮಾತನಾಡುತ್ತಾ, ಗುಪ್ತಚರ ಸಂಸ್ಥೆ ಸಿಐಎ ಮೂಲಕ ಎಫ್‌ಬಿಐ ತನಿಖೆಯನ್ನು ತಡೆಯುವ ಯೋಜನೆಗೆ ಒಪ್ಪಿದರು. ಸಿಕ್ಕಿಬಿದ್ದವರು ಬಾಯಿ ಬಿಡದಂತೆ ಹಣ ಸಂದಾಯವಾಯಿತು. ಸಾಕ್ಷಿಗಳು ಸುಳ್ಳು ಹೇಳಿದರು.

ಮಕ್ಕಳಿಗೆ ಇದನ್ನು ಹೀಗೆ ಕೇಳಬಹುದು: ತನಿಖೆ ಮಾಡುವ ಸಂಸ್ಥೆಯೂ ಅಧ್ಯಕ್ಷರ ಕೈಕೆಳಗೇ ಇದ್ದಾಗ, ‘ಈ ತನಿಖೆ ನಿಲ್ಲಿಸಿ’ ಎಂದು ಹೇಳುವುದು ಅಪರಾಧವೇ? ಹಲವರು ‘ಅಧ್ಯಕ್ಷರಿಗೆ ಅಧಿಕಾರ ಇದೆಯಲ್ಲ’ ಎನ್ನುತ್ತಾರೆ. ಆ ಉತ್ತರವನ್ನು ಕೂಡಲೇ ತಿದ್ದಬೇಡಿ. ಅಧಿಕಾರವನ್ನು ಕೊಟ್ಟದ್ದು ಯಾವ ಉದ್ದೇಶಕ್ಕೆ, ಬಳಸಿದ್ದು ಯಾವ ಉದ್ದೇಶಕ್ಕೆ ಎಂದು ಕೇಳಿ. ಅಧಿಕಾರ ದುರುಪಯೋಗ ಎಂಬ ಪರಿಕಲ್ಪನೆ ಈ ಚರ್ಚೆಯಿಂದ ತಾನಾಗಿ ಮೂಡುತ್ತದೆ.

ಸತ್ಯ ಹೊರಬಿದ್ದ ಹಾದಿ

‘ಇಬ್ಬರು ಧೈರ್ಯಶಾಲಿ ಪತ್ರಕರ್ತರು ಅಧ್ಯಕ್ಷರನ್ನು ಕೆಳಗಿಳಿಸಿದರು’ ಎಂಬ ಕಥೆ ಜನಪ್ರಿಯ. ವಾಷಿಂಗ್ಟನ್ ಪೋಸ್ಟ್ ಪತ್ರಿಕೆಯ ಬಾಬ್ ವುಡ್‌ವರ್ಡ್ ಮತ್ತು ಕಾರ್ಲ್ ಬರ್ನ್‌ಸ್ಟೀನ್ ಅವರ ಕೆಲಸ ನಿಜಕ್ಕೂ ದೊಡ್ಡದು. ನಿಕ್ಸನ್ ಪ್ರಚಾರಕ್ಕೆಂದು ಬಂದ 25,000 ಡಾಲರ್ ಚೆಕ್ ಬಂಧಿತರಲ್ಲಿ ಒಬ್ಬರ ಖಾತೆಗೆ ಸೇರಿದ್ದನ್ನು 1972ರ ಆಗಸ್ಟ್‌ನಲ್ಲಿ ಅವರು ಬಯಲಿಗೆಳೆದರು. ಆದರೆ ಅವರಿಗೆ ಗುಟ್ಟಾಗಿ ನೆರವಾಗುತ್ತಿದ್ದವರು ಎಫ್‌ಬಿಐನ ಹಿರಿಯ ಅಧಿಕಾರಿ ಮಾರ್ಕ್ ಫೆಲ್ಟ್. ಇದು ಲೋಕಕ್ಕೆ ತಿಳಿದದ್ದು 2005ರಲ್ಲಿ. ಪತ್ರಿಕೆ ಒಂದು ಕೊಂಡಿ. ಉಳಿದ ಕೊಂಡಿಗಳನ್ನೂ ಕಪ್ಪುಹಲಗೆಯ ಮೇಲೆ ಬರೆಯಬೇಕು.

ನ್ಯಾಯಾಧೀಶ ಜಾನ್ ಸಿರಿಕಾ ಏಳು ಆರೋಪಿಗಳ ವಿಚಾರಣೆ ನಡೆಸಿದರು. ಕಥೆ ಇಷ್ಟಕ್ಕೇ ಮುಗಿಯಿತೆಂದು ಅವರು ನಂಬಲಿಲ್ಲ. 1973ರ ಮಾರ್ಚ್‌ನಲ್ಲಿ ಮೆಕಾರ್ಡ್ ಅವರಿಗೆ ಪತ್ರ ಬರೆದು, ಸುಮ್ಮನಿರುವಂತೆ ತಮ್ಮ ಮೇಲೆ ಒತ್ತಡವಿತ್ತೆಂದೂ ಸುಳ್ಳುಸಾಕ್ಷ್ಯ ನಡೆದಿದೆಯೆಂದೂ ತಿಳಿಸಿದರು.

ಸೆನೆಟ್ 77–0 ಮತಗಳಿಂದ ತನಿಖಾ ಸಮಿತಿ ರಚಿಸಿತು. ಸ್ಯಾಮ್ ಎರ್ವಿನ್ ಅಧ್ಯಕ್ಷತೆಯ ಈ ಸಮಿತಿಯ ವಿಚಾರಣೆ 1973ರ ಮೇ ತಿಂಗಳಿನಿಂದ ಟಿ.ವಿ.ಯಲ್ಲಿ ಪ್ರಸಾರವಾಯಿತು. ಜುಲೈ 16ರಂದು ಅಲೆಕ್ಸಾಂಡರ್ ಬಟರ್‌ಫೀಲ್ಡ್ ಎಂಬ ಅಧಿಕಾರಿ, ಅಧ್ಯಕ್ಷರ ಕಚೇರಿಯ ಮಾತುಕತೆಗಳೆಲ್ಲ ತಾವೇ ತಾವಾಗಿ ಧ್ವನಿಮುದ್ರಣವಾಗುತ್ತಿದ್ದವು ಎಂದು ಹೇಳಿದರು. ಅಲ್ಲಿಯವರೆಗೆ ಒಬ್ಬರ ಮಾತಿಗೆ ಇನ್ನೊಬ್ಬರ ಮಾತು ಎದುರಾಗಿತ್ತು. ಈಗ ಪರೀಕ್ಷಿಸಬಹುದಾದ ಪುರಾವೆ ಇದೆ ಎಂದಾಯಿತು.

ಧ್ವನಿಸುರುಳಿಗಳನ್ನು ಕೇಳಿದವರು ವಿಶೇಷ ಅಭಿಯೋಜಕ ಆರ್ಚಿಬಾಲ್ಡ್ ಕಾಕ್ಸ್. 1973ರ ಅಕ್ಟೋಬರ್ 20, ಶನಿವಾರ ರಾತ್ರಿ, ಅವರನ್ನು ವಜಾ ಮಾಡುವಂತೆ ನಿಕ್ಸನ್ ಆದೇಶಿಸಿದರು. ಅಟಾರ್ನಿ ಜನರಲ್ ಎಲಿಯಟ್ ರಿಚರ್ಡ್‌ಸನ್ ಒಪ್ಪದೆ ಹುದ್ದೆ ತೊರೆದರು. ಅವರ ಕೆಳಗಿನ ಅಧಿಕಾರಿ ವಿಲಿಯಂ ರಕಲ್‌ಶಾಸ್ ಕೂಡ ಒಪ್ಪದೆ ಹೊರನಡೆದರು. ಮೂರನೆಯವರಾದ ರಾಬರ್ಟ್ ಬೋರ್ಕ್ ಆದೇಶ ಜಾರಿ ಮಾಡಿದರು. ಜನರ ಆಕ್ರೋಶ ಎಷ್ಟಿತ್ತೆಂದರೆ ಹೊಸ ಅಭಿಯೋಜಕರಾಗಿ ಲಿಯಾನ್ ಜಾವೊರ್ಸ್ಕಿ ಅವರನ್ನು ನೇಮಿಸಲೇಬೇಕಾಯಿತು. ಅವರೂ ಧ್ವನಿಸುರುಳಿಗಳನ್ನೇ ಕೇಳಿದರು.

1974ರ ಜುಲೈ 24ರಂದು ಸುಪ್ರೀಂ ಕೋರ್ಟ್ 8–0 ತೀರ್ಪು ನೀಡಿತು. ಅಧ್ಯಕ್ಷರಿಗೆ ಗೋಪ್ಯತೆಯ ವಿಶೇಷಾಧಿಕಾರ ಇದೆ, ಆದರೆ ಅದಕ್ಕೆ ಮಿತಿಯಿದೆ. ಕ್ರಿಮಿನಲ್ ವಿಚಾರಣೆಗೆ ಬೇಕಾದ ಪುರಾವೆಯನ್ನು ಆ ಹೆಸರಿನಲ್ಲಿ ತಡೆಹಿಡಿಯುವಂತಿಲ್ಲ ಎಂಬುದು ಅದರ ಸಾರ. ತೀರ್ಪಿತ್ತ ಎಂಟು ಮಂದಿಯಲ್ಲಿ ಮೂವರನ್ನು ನೇಮಿಸಿದವರು ನಿಕ್ಸನ್ ಅವರೇ. ನ್ಯಾಯಾಂಗದ ಸ್ವಾತಂತ್ರ್ಯಕ್ಕೆ ಇದಕ್ಕಿಂತ ಸರಳ ಉದಾಹರಣೆ ಬೇಕಿಲ್ಲ.

ಅದೇ ವಾರ ಪ್ರತಿನಿಧಿ ಸಭೆಯ ನ್ಯಾಯ ಸಮಿತಿ ಮಹಾಭಿಯೋಗದ ಮೂರು ಆರೋಪಗಳನ್ನು ಅಂಗೀಕರಿಸತೊಡಗಿತು: ನ್ಯಾಯಕ್ಕೆ ಅಡ್ಡಿ, ಅಧಿಕಾರ ದುರುಪಯೋಗ, ಸಂಸತ್ತಿನ ಆದೇಶದ ಉಲ್ಲಂಘನೆ. ಮೊದಲನೆಯದರ ಪರ 27, ವಿರುದ್ಧ 11 ಮತ. ಪರವಾಗಿ ಮತ ಹಾಕಿದವರಲ್ಲಿ ಅಧ್ಯಕ್ಷರದೇ ಪಕ್ಷದ ಆರು ಮಂದಿ ಇದ್ದರು. ಆಗಸ್ಟ್ 5ರಂದು ಜೂನ್ 23ರ ಸಂಭಾಷಣೆ ಬಹಿರಂಗವಾದಾಗ ಉಳಿದ ಬೆಂಬಲವೂ ಕುಸಿಯಿತು. ಆಗಸ್ಟ್ 9ರಂದು ನಿಕ್ಸನ್ ರಾಜೀನಾಮೆ ಜಾರಿಗೆ ಬಂದಿತು. ರಾಜೀನಾಮೆ ನೀಡಿದ ಅಮೆರಿಕದ ಏಕೈಕ ಅಧ್ಯಕ್ಷರು ಅವರು.

ತಿದ್ದಬೇಕಾದ ತಪ್ಪು ತಿಳಿವಳಿಕೆಗಳು

ಒಂದು, ‘ನಿಕ್ಸನ್ ಅವರನ್ನು ಮಹಾಭಿಯೋಗದ ಮೂಲಕ ತೆಗೆದುಹಾಕಲಾಯಿತು’ ಎಂಬುದು. ಸಮಿತಿ ಆರೋಪಗಳನ್ನು ಅಂಗೀಕರಿಸಿತ್ತಷ್ಟೆ, ಪೂರ್ಣ ಸಭೆ ಮತ ಹಾಕುವ ಮೊದಲೇ ಅವರು ರಾಜೀನಾಮೆ ಕೊಟ್ಟರು. ಎರಡು, ಮಹಾಭಿಯೋಗ ಎಂದರೆ ಪದಚ್ಯುತಿ ಎಂಬುದು. ಅಮೆರಿಕದಲ್ಲಿ ಪ್ರತಿನಿಧಿ ಸಭೆ ಸರಳ ಬಹುಮತದಿಂದ ಆರೋಪ ಹೊರಿಸುತ್ತದೆ. ಸೆನೆಟ್ ವಿಚಾರಣೆ ನಡೆಸಿ, ಹಾಜರಿರುವವರ ಮೂರನೇ ಎರಡರಷ್ಟು ಮತದಿಂದ ಒಪ್ಪಿದರೆ ಮಾತ್ರ ಪದಚ್ಯುತಿ.

ಮೂರನೆಯದು ಪದದಿಂದ ಹುಟ್ಟುವ ಗೊಂದಲ. ಕನ್ನಡದಲ್ಲಿ ನಾವು ಅಮೆರಿಕದವರನ್ನು ‘ಅಧ್ಯಕ್ಷ’ ಎಂದೂ ನಮ್ಮವರನ್ನು ‘ರಾಷ್ಟ್ರಪತಿ’ ಎಂದೂ ಕರೆಯುತ್ತೇವೆ. ಈ ವ್ಯತ್ಯಾಸವನ್ನೇ ಬಳಸಿಕೊಳ್ಳಿ. ಅಲ್ಲಿನ ಅಧ್ಯಕ್ಷರು ಸರ್ಕಾರದ ನಿಜವಾದ ಮುಖ್ಯಸ್ಥರು, ನಮ್ಮ ರಾಷ್ಟ್ರಪತಿ ಮಂತ್ರಿಮಂಡಲದ ಸಲಹೆಯಂತೆ ನಡೆಯುವವರು. ಸಂವಿಧಾನದ 61ನೇ ವಿಧಿಯ ಪ್ರಕಾರ ರಾಷ್ಟ್ರಪತಿಯವರ ಮೇಲಿನ ಮಹಾಭಿಯೋಗಕ್ಕೆ ಕಾರಣ ‘ಸಂವಿಧಾನದ ಉಲ್ಲಂಘನೆ’, ಎರಡೂ ಸದನಗಳಲ್ಲಿ ಒಟ್ಟು ಸದಸ್ಯಬಲದ ಮೂರನೇ ಎರಡರಷ್ಟು ಮತ ಬೇಕು. ನಮ್ಮಲ್ಲಿ ಪ್ರಧಾನಿ ಲೋಕಸಭೆಯ ವಿಶ್ವಾಸ ಕಳೆದುಕೊಂಡರೆ ಸಾಕು, ಸರ್ಕಾರ ಬೀಳುತ್ತದೆ. ಅಲ್ಲಿ ಆ ದಾರಿ ಇಲ್ಲ. ಆದ್ದರಿಂದಲೇ ಪ್ರಕರಣ ಎರಡು ವರ್ಷ ಎಳೆಯಿತು.

ತರಗತಿ ಚಟುವಟಿಕೆ

ಈ ಪಾಠಕ್ಕೆ ಎರಡು ಅವಧಿ ಬೇಕು. ಮೊದಲ ಅವಧಿಯಲ್ಲಿ ಕಾಲರೇಖೆಯೊಂದಿಗೆ ಘಟನೆಯ ವಿವರಣೆ. ಎರಡನೆಯ ಅವಧಿಗೆ ಏಳು ರಟ್ಟಿನ ಚೀಟಿಗಳನ್ನು ಸಿದ್ಧಪಡಿಸಿ: ಕಾವಲುಗಾರ, ಪತ್ರಿಕೆ, ವಿಚಾರಣಾ ನ್ಯಾಯಾಧೀಶ, ಸೆನೆಟ್ ಸಮಿತಿ, ವಿಶೇಷ ಅಭಿಯೋಜಕ, ಸುಪ್ರೀಂ ಕೋರ್ಟ್, ಪ್ರತಿನಿಧಿ ಸಭೆಯ ಸಮಿತಿ. ಏಳು ವಿದ್ಯಾರ್ಥಿಗಳು ಚೀಟಿ ಹಿಡಿದು ಸಾಲಾಗಿ ನಿಲ್ಲಲಿ. ಒಬ್ಬೊಬ್ಬರನ್ನೇ ಸಾಲಿನಿಂದ ಹೊರಗೆ ಕರೆದು, ‘ಇವರು ತಮ್ಮ ಕೆಲಸ ಮಾಡದಿದ್ದರೆ ಏನಾಗುತ್ತಿತ್ತು?’ ಎಂದು ಉಳಿದವರನ್ನು ಕೇಳಿ. ಟೇಪನ್ನು ಎರಡನೆಯ ಬಾರಿ ಕಂಡಾಗ ಕಾವಲುಗಾರ ಫೋನ್ ಮಾಡದಿದ್ದರೆ? ಅಧ್ಯಕ್ಷರೇ ನೇಮಿಸಿದ ನ್ಯಾಯಮೂರ್ತಿಗಳು ಅವರ ಪರ ನಿಂತಿದ್ದರೆ? ಸಂಸ್ಥೆಗಳು ತಾವಾಗಿ ಕೆಲಸ ಮಾಡುವುದಿಲ್ಲ, ಅವುಗಳಲ್ಲಿರುವವರು ಮಾಡಬೇಕು ಎಂಬುದನ್ನು ಮಕ್ಕಳು ತಾವೇ ಕಂಡುಕೊಳ್ಳುತ್ತಾರೆ.

ಚರ್ಚೆ ಇಂದಿನ ಪಕ್ಷಗಳ ಕಡೆಗೆ ಜಾರುವ ಸಾಧ್ಯತೆ ಇದೆ. ಆಗ ಮಕ್ಕಳನ್ನು ಗದರಬೇಡಿ, ಯಾವ ಪಕ್ಷದ ಪರವಾಗಿಯೂ ಮಾತನಾಡಬೇಡಿ. ‘ಪುರಾವೆ ಏನು? ಪರಿಶೀಲಿಸಿದವರು ಯಾರು?’ ಎಂಬ ಎರಡು ಪ್ರಶ್ನೆಗಳಿಗೆ ಚರ್ಚೆಯನ್ನು ತಿರುಗಿಸಿ.

ಕಷ್ಟದ ಪ್ರಶ್ನೆ

ಚುರುಕಾದ ವಿದ್ಯಾರ್ಥಿ ಖಂಡಿತ ಕೇಳುತ್ತಾರೆ: ‘ಹಾಗಾದರೆ ಅವರಿಗೆ ಜೈಲಾಯಿತೇ?’ ಆಗಲಿಲ್ಲ. 1974ರ ಸೆಪ್ಟೆಂಬರ್ 8ರಂದು ಹೊಸ ಅಧ್ಯಕ್ಷ ಜೆರಾಲ್ಡ್ ಫೋರ್ಡ್ ಅವರಿಗೆ ಸಂಪೂರ್ಣ ಕ್ಷಮಾದಾನ ನೀಡಿದರು. ಹಾಲ್ಡೆಮನ್, ಜಾನ್ ಎರ್ಲಿಕ್‌ಮನ್, ಮಾಜಿ ಅಟಾರ್ನಿ ಜನರಲ್ ಜಾನ್ ಮಿಚೆಲ್ ಜೈಲು ಸೇರಿದರು. ಆದೇಶ ಪಾಲಿಸಿದವರಿಗೆ ಶಿಕ್ಷೆ, ಮೇಲಿದ್ದವರಿಗೆ ಕ್ಷಮೆ. 2024ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್, ಅಧಿಕೃತ ಕಾರ್ಯಗಳಿಗೆ ಸಂಬಂಧಿಸಿದಂತೆ ಅಧ್ಯಕ್ಷರಿಗೆ ಕ್ರಿಮಿನಲ್ ಮೊಕದ್ದಮೆಯಿಂದ ವ್ಯಾಪಕ ರಕ್ಷಣೆ ಇದೆ ಎಂದು ತೀರ್ಪಿತ್ತಿತು. ಈ ಸಂಗತಿಗಳನ್ನು ಮರೆಮಾಚಿ ಪಾಠವನ್ನು ಸುಖಾಂತ್ಯಗೊಳಿಸಿದರೆ ಮಕ್ಕಳು ನಾಳೆ ಪತ್ರಿಕೆ ಓದುವಾಗ ಶಿಕ್ಷಕರ ಮಾತನ್ನೇ ಸಂದೇಹಿಸುತ್ತಾರೆ.

ಮೌಲ್ಯಮಾಪನಕ್ಕೆ ದಿನಾಂಕಗಳನ್ನು ಕೇಳುವ ಬದಲು ಒಂದು ಪ್ರಶ್ನೆ ಕೊಡಬಹುದು: ‘ಫೋರ್ಡ್ ಅವರ ಕ್ಷಮಾದಾನ ಸರಿಯೇ? ಕಾನೂನಿನ ಆಳ್ವಿಕೆಯ ದೃಷ್ಟಿಯಿಂದ ಎರಡು ಕಾರಣ ಬರೆಯಿರಿ.’ ಉತ್ತರ ‘ಸರಿ’ ಎಂದಿದೆಯೋ ‘ತಪ್ಪು’ ಎಂದಿದೆಯೋ ಎಂಬುದಕ್ಕೆ ಅಂಕ ಬೇಡ. ಕೊಟ್ಟ ಕಾರಣ ಘಟನೆಯ ಸಂಗತಿಯಿಂದ ಹುಟ್ಟಿದೆಯೇ, ಅದನ್ನು ಪರಿಕಲ್ಪನೆಗೆ ಜೋಡಿಸಿದ್ದಾರೆಯೇ ಎಂಬುದನ್ನು ನೋಡಿ ಅಂಕ ಕೊಡಿ.