ಮೊಟ್ಟೆಕೋಳಿ ಮನೆಯ ದೀಪ ಬದಲಾವಣೆ: ವಾರ್ಷಿಕ ವಿದ್ಯುತ್ ಉಳಿತಾಯವನ್ನು ಅಂದಾಜಿಸುವ ಕ್ರಮ

ಮೊಟ್ಟೆ ಇಡುವ ಕೋಳಿಗಳಿಗೆ ದಿನಕ್ಕೆ ಸುಮಾರು 16 ಗಂಟೆಗಳ ಬೆಳಕು ಅಗತ್ಯ. ದಕ್ಷಿಣ ಕರ್ನಾಟಕದಲ್ಲಿ ಹಗಲಿನ ಅವಧಿಯು ಡಿಸೆಂಬರ್‌ನಲ್ಲಿ ಹನ್ನೊಂದೂವರೆ ಗಂಟೆಗಿಂತ ತುಸು ಕಡಿಮೆಯಿದ್ದು, ಜೂನ್‌ನಲ್ಲಿ ಹದಿಮೂರು ಗಂಟೆಗಳ ಸಮೀಪಕ್ಕೆ ಏರುತ್ತದೆ. ಉಳಿದ ಅವಧಿಯ ಬೆಳಕನ್ನು ದೀಪಗಳ ಮೂಲಕ ಒದಗಿಸಬೇಕಾಗುತ್ತದೆ. ಹೀಗೆ ಪ್ರತಿದಿನ ಉರಿಯುವ ದೀಪಗಳನ್ನು ಎಲ್‌ಇಡಿಗೆ ಬದಲಿಸಿದಾಗ ದೊರೆಯುವ ಉಳಿತಾಯವು ಎಲ್ಲ ಕೋಳಿ ಮನೆಗಳಲ್ಲಿಯೂ ಒಂದೇ ಸಮನಾಗಿರುವುದಿಲ್ಲ. ಆದುದರಿಂದ ಹಣ ಹೂಡುವ ಮುನ್ನ ರೈತರು ತಮ್ಮ ಮನೆಯ ಲೆಕ್ಕವನ್ನು ತಾವೇ ಮಾಡಿಕೊಳ್ಳುವುದು ಸೂಕ್ತ.

ಲೆಕ್ಕಕ್ಕೆ ಬೇಕಾದ ಮಾಹಿತಿ

1. ಈಗಿರುವ ದೀಪಗಳ ಸಂಖ್ಯೆ ಹಾಗೂ ಪ್ರತಿ ದೀಪದ ವ್ಯಾಟ್. ಹಳೆಯ ಚೋಕ್ ಇರುವ ಟ್ಯೂಬ್‌ಲೈಟ್‌ಗಳಿಗೆ ಚೋಕ್ ಬಳಸುವ ಸುಮಾರು 10 ವ್ಯಾಟ್‌ಗಳನ್ನೂ ಸೇರಿಸಬೇಕು.
2. ಅಳವಡಿಸಲಿರುವ ಎಲ್‌ಇಡಿ ದೀಪದ ವ್ಯಾಟ್.
3. ದಿನಕ್ಕೆ ದೀಪ ಉರಿಯುವ ಸರಾಸರಿ ಗಂಟೆಗಳು.
4. ವರ್ಷದಲ್ಲಿ ದೀಪ ಉರಿಯುವ ದಿನಗಳು. ಕೋಳಿಗಳ ತಂಡ ಬದಲಿಸುವಾಗ ಮನೆ ಖಾಲಿ ಇರುವ ದಿನಗಳನ್ನು ಕಳೆಯಬೇಕು.
5. ವಿದ್ಯುತ್ ಬಿಲ್ಲಿನಲ್ಲಿರುವ ಪ್ರತಿ ಯೂನಿಟ್ ದರ. ನಿಗದಿತ ಶುಲ್ಕವು ದೀಪ ಬದಲಿಸಿದ ಮಾತ್ರಕ್ಕೆ ಕಡಿಮೆಯಾಗದ ಕಾರಣ ಅದನ್ನು ಸೇರಿಸಬಾರದು.

ಸೂತ್ರ

ವಾರ್ಷಿಕ ಉಳಿತಾಯ (ಯೂನಿಟ್) = (ಹಳೆಯ ವ್ಯಾಟ್ – ಹೊಸ ವ್ಯಾಟ್) × ದೀಪಗಳ ಸಂಖ್ಯೆ × ದಿನದ ಗಂಟೆಗಳು × ವರ್ಷದ ದಿನಗಳು ÷ 1000

ಉದಾಹರಣೆ

ಒಂದು ಮನೆಯಲ್ಲಿ 60 ವ್ಯಾಟ್‌ನ 40 ಬುರುಡೆ ಬಲ್ಬುಗಳಿದ್ದು, ಅವು ದಿನಕ್ಕೆ 4 ಗಂಟೆಯಂತೆ 340 ದಿನ ಉರಿಯುತ್ತವೆ ಎಂದು ಭಾವಿಸೋಣ. ಇವುಗಳ ಬದಲಿಗೆ 9 ವ್ಯಾಟ್‌ನ ಎಲ್‌ಇಡಿ ಅಳವಡಿಸಿದರೆ:

(60 – 9) × 40 × 4 × 340 ÷ 1000 = 2,774 ಯೂನಿಟ್

ಯೂನಿಟ್ ದರ 7 ರೂಪಾಯಿ ಎಂದು ಹಿಡಿದರೆ ವಾರ್ಷಿಕ ಉಳಿತಾಯ ಸುಮಾರು 19,420 ರೂಪಾಯಿ. ಪ್ರತಿ ದೀಪಕ್ಕೆ 100 ರೂಪಾಯಿಯಂತೆ ತಗಲುವ 4,000 ರೂಪಾಯಿ ವೆಚ್ಚವು ಸುಮಾರು ಎರಡೂವರೆ ತಿಂಗಳಲ್ಲಿ ಮರಳುತ್ತದೆ.

ಅದೇ ಮನೆಯಲ್ಲಿ ಈಗಾಗಲೇ 15 ವ್ಯಾಟ್‌ನ ಸಿಎಫ್‌ಎಲ್ ದೀಪಗಳಿದ್ದರೆ ಉಳಿತಾಯ ಕೇವಲ 326 ಯೂನಿಟ್, ಅಂದರೆ ಸುಮಾರು 2,285 ರೂಪಾಯಿ. ಹೂಡಿದ ಹಣ ಮರಳಲು 21 ತಿಂಗಳು ಬೇಕು. ಇಂತಹ ಸಂದರ್ಭದಲ್ಲಿ ಎಲ್ಲ ದೀಪಗಳನ್ನೂ ಒಮ್ಮೆಲೇ ಬದಲಿಸದೆ, ಕೆಟ್ಟುಹೋದ ದೀಪಗಳ ಜಾಗದಲ್ಲಿ ಮಾತ್ರ ಎಲ್‌ಇಡಿ ಹಾಕುತ್ತಾ ಹೋಗಬಹುದು.

ಅಂದಾಜು ಏರುಪೇರಾಗುವ ಕಾರಣ

ಗ್ರಾಮೀಣ ಭಾಗಗಳಲ್ಲಿ ಸಂಜೆ ವೋಲ್ಟೇಜ್ ಇಳಿಯುವುದು ಸಾಮಾನ್ಯ. ಆಗ ಬುರುಡೆ ಬಲ್ಬು ಮಂದವಾಗಿ ಉರಿದು, ನಮೂದಿಸಿದ ವ್ಯಾಟ್‌ಗಿಂತ ಕಡಿಮೆ ವಿದ್ಯುತ್ತನ್ನು ಬಳಸುತ್ತದೆ. ಮೇಲಿನ ಉದಾಹರಣೆಯಲ್ಲಿ ಬಲ್ಬು 60ರ ಬದಲು 50 ವ್ಯಾಟ್ ಮಾತ್ರ ಬಳಸುತ್ತಿದ್ದರೆ, ನಿಜವಾದ ಉಳಿತಾಯ ಸುಮಾರು 2,230 ಯೂನಿಟ್‌ಗೆ ಇಳಿಯುತ್ತದೆ. ಇದನ್ನು ಖಚಿತಪಡಿಸಿಕೊಳ್ಳಲು ಇತರ ಉಪಕರಣಗಳನ್ನು ನಿಲ್ಲಿಸಿ, ದೀಪಗಳನ್ನು ಮಾತ್ರ ಎರಡು ಗಂಟೆ ಉರಿಸಿ, ಮೀಟರಿನ ಮೊದಲ ಹಾಗೂ ಕೊನೆಯ ಅಂಕಿಗಳನ್ನು ಬರೆದಿಟ್ಟುಕೊಳ್ಳಬೇಕು. ದೀಪ ಬದಲಿಸಿದ ನಂತರ ಅದೇ ಹೊತ್ತಿನಲ್ಲಿ ಮತ್ತೊಮ್ಮೆ ಅಳೆದರೆ ವ್ಯತ್ಯಾಸ ತಿಳಿಯುತ್ತದೆ.

ಗಮನಿಸಬೇಕಾದ ಅಂಶಗಳು

• ಮರಿಗಳಿಗೆ ಕಾವು ಕೊಡಲು ಬಳಸುವ ಬಲ್ಬುಗಳನ್ನು ಈ ಲೆಕ್ಕಕ್ಕೆ ಸೇರಿಸಬಾರದು. ಅಲ್ಲಿ ಬೇಕಿರುವುದು ಬಲ್ಬಿನ ಶಾಖ. ಎಲ್‌ಇಡಿ ದೀಪವು ಮರಿಗಳಿಗೆ ಸಾಕಾಗುವಷ್ಟು ಶಾಖವನ್ನು ನೀಡುವುದಿಲ್ಲ.
• ವಿದ್ಯುತ್ ಉಳಿಸುವ ಉದ್ದೇಶದಿಂದ ಮೊಟ್ಟೆ ಇಡುವ ಹಂತದಲ್ಲಿ ಬೆಳಕಿನ ಅವಧಿಯನ್ನು ಕಡಿತಗೊಳಿಸಬಾರದು. ಇದರಿಂದ ಮೊಟ್ಟೆ ಉತ್ಪಾದನೆ ಕುಸಿದು, ಉಳಿತಾಯಕ್ಕಿಂತ ನಷ್ಟವೇ ಹೆಚ್ಚಾಗಬಹುದು.
• ದೀಪ ಕೊಳ್ಳುವಾಗ ವ್ಯಾಟ್ ಜೊತೆಗೆ ಬೆಳಕಿನ ಪ್ರಮಾಣವನ್ನು ತಿಳಿಸುವ ಲ್ಯೂಮೆನ್ ಅಂಕಿಯನ್ನೂ ನೋಡಬೇಕು. ಮೇವಿನ ತೊಟ್ಟಿಯ ಮಟ್ಟದಲ್ಲಿ ಕನಿಷ್ಠ 10 ಲಕ್ಸ್ ಬೆಳಕಿರುವಂತೆ ಹಾಗೂ ಕೆಳಸಾಲಿನ ಪಂಜರಗಳು ಕತ್ತಲಲ್ಲಿ ಉಳಿಯದಂತೆ ನೋಡಿಕೊಳ್ಳಬೇಕು.
• ಡಿಮ್ಮರ್ ಬಳಸುವ ಮನೆಗಳಿಗೆ ಅದಕ್ಕೆ ಹೊಂದುವ ಎಲ್‌ಇಡಿಗಳನ್ನೇ ಆರಿಸಬೇಕು. ಸಾಮಾನ್ಯ ಎಲ್‌ಇಡಿಗಳು ಮಿನುಗುತ್ತವೆ ಹಾಗೂ ಬೇಗ ಕೆಡುತ್ತವೆ.
• ಧೂಳು ಕುಳಿತ ದೀಪದ ಬೆಳಕು ಕುಗ್ಗುತ್ತದೆ, ಆದರೆ ಅದು ಬಳಸುವ ವಿದ್ಯುತ್ ಕುಗ್ಗುವುದಿಲ್ಲ. ಆದ್ದರಿಂದ ವಿದ್ಯುತ್ ಸಂಪರ್ಕ ಕಡಿತಗೊಳಿಸಿ, ದೀಪಗಳನ್ನು ನಿಯಮಿತವಾಗಿ ಒಣ ಬಟ್ಟೆಯಿಂದ ಒರೆಸಬೇಕು.

ಒಂದಕ್ಕಿಂತ ಹೆಚ್ಚು ಮನೆಗಳಿರುವ ರೈತರು ಪ್ರತಿಯೊಂದಕ್ಕೂ ಪ್ರತ್ಯೇಕವಾಗಿ ಲೆಕ್ಕ ಹಾಕಿ, ಹೆಚ್ಚು ವ್ಯಾಟ್‌ನ ದೀಪಗಳು ಹೆಚ್ಚು ಗಂಟೆ ಉರಿಯುವ ಮನೆಯಿಂದಲೇ ಬದಲಾವಣೆಯನ್ನು ಆರಂಭಿಸುವುದು ಲಾಭದಾಯಕ. ಅಲ್ಲಿ ಉಳಿದ ಹಣದಿಂದಲೇ ಮುಂದಿನ ಮನೆಗಳ ದೀಪಗಳನ್ನು ಕೊಳ್ಳಬಹುದು.